"ಈ ವಯಸ್ಸಿನಾಗ ಅಕ್ಷರ ಕಲ್ತು ಏನ್ ಮಾಡ್ತಾರ?"

ಪ್ರಶ್ನೆ: ನಮ್ಮದು ಯಾದಗಿರಿ ಜಿಲ್ಲೆ ಶಹಾಪುರ ತಾಲ್ಲೂಕಿನ ಒಂದು ಹಳ್ಳಿ. ನಾನು ಬಿ.ಎ. ಮುಗಿಸಿದ್ದೇನೆ. ಅವ್ವ ಗ್ರಾಮ ಪಂಚಾಯಿತಿ ಸದಸ್ಯೆ. ಸಹಿ ಮಾಡಲು ಬರುತ್ತದೆ, ಓದಲು ಬರುವುದಿಲ್ಲ. ಸಭೆಯಲ್ಲಿ ಅವಳ ಮಾತು ಯಾರೂ ಕಿವಿಗೆ ಹಾಕಿಕೊಳ್ಳುವುದಿಲ್ಲ. ನಮ್ಮ ಓಣಿಯ ಹೆಂಗಸರಿಗೆ ಸಂಜೆ ಹೊತ್ತು ಓದು-ಬರಹ ಹೇಳಿಕೊಡಬೇಕು ಅಂತಿದ್ದೇನೆ. "ಈ ವಯಸ್ಸಿನಾಗ ಅಕ್ಷರ ಕಲ್ತು ಏನ್ ಮಾಡ್ತಾರ, ಮೊಬೈಲ್ ಅದಲ್ಲ" ಅಂತ ಊರಲ್ಲಿ ನಗುತ್ತಾರೆ. ಅಕ್ಷರದಿಂದ ಇಂಥವರ ಮಾತಿಗೆ ನಿಜವಾಗಿ ಬಲ ಬರುತ್ತದಾ? ಎಲ್ಲಿಂದ ಶುರು ಮಾಡಲಿ?

ಉತ್ತರ: ಬರುತ್ತದೆ ತಂಗಿ. ಆದರೆ ಶಾಲೆ ಗೋಡೆಯ ಮೇಲೆ ಬರೆದಿರುತ್ತಾರಲ್ಲ, ಅಕ್ಷರ ಕಲಿತ ಕೂಡಲೇ ಕತ್ತಲೆ ಹೋಗಿ ಬೆಳಕು ಬಂತು ಅಂತ, ಹಾಗೆ ಬರುವುದಿಲ್ಲ. ಆ ಗೋಡೆಬರಹ ನೋಡಿದರೆ ನನಗೆ ಸಿಟ್ಟೇ ಬರುತ್ತದೆ. ಓದು ಬಾರದವರು ಕತ್ತಲಲ್ಲಿ ಕೂತಿದ್ದಾರೆ ಅಂದವರು ಯಾರು? ನಿಮ್ಮ ಓಣಿಯ ಹೆಂಗಸರಿಗೆ ಯಾರ ಹೊಲದ ಬದು ಎಲ್ಲಿಗೆ ಸರಿದಿದೆ, ಯಾವ ಬೋರು ಯಾವ ತಿಂಗಳು ಬತ್ತುತ್ತದೆ, ತೊಗರಿ ಮಾರಿದ ದುಡ್ಡಿನಲ್ಲಿ ದಲ್ಲಾಳಿ ಎಷ್ಟು ಹಿಡಿದುಕೊಂಡ, ಎಲ್ಲ ಬಾಯಿಪಾಠ. ಅವರಿಗೆ ಮಾತು ಬಾರದೆ ಇಲ್ಲ. ಆದರೆ ಕಚೇರಿಯಲ್ಲಿ ಮಾತು ನಡೆಯುವುದಿಲ್ಲ, ಕಾಗದ ನಡೆಯುತ್ತದೆ. "ಬರ್ಕೊಂಡ್ ಬಾ" ಅಂತಾರೆ. ಬರೆಸಿಕೊಂಡು ಹೋದರೆ "ಇದು ಸರಿ ಇಲ್ಲ, ನಾಳಿ ಬಾ" ಅಂತಾರೆ. ಆ ಕಾಗದದಲ್ಲಿ ಏನು ಸರಿ ಇಲ್ಲ ಅಂತ ಗೊತ್ತಿಲ್ಲದವರು ನಾಳೆ ಮತ್ತೆ ಬರುತ್ತಾರೆ, ನಾಡಿದ್ದೂ ಬರುತ್ತಾರೆ, ಅಷ್ಟೂ ದಿನದ ಕೂಲಿ ಹೋಯಿತು. ಹಾಗಾಗಿ ಓದು ಕಲಿಸುವುದು ಅಂದರೆ ನನ್ನ ಪ್ರಕಾರ ಇಷ್ಟೇ: ತಮ್ಮ ಹೆಸರಲ್ಲಿ ಬೇರೆಯವರು ಏನು ಬರೆದಿದ್ದಾರೆ ಅಂತ ನೋಡಿ ಹೇಳುವಷ್ಟು, ತಾವು ಹೇಳಿದ್ದನ್ನು ಬರೆಸಿ ರಸೀದಿ ಇಸಿದುಕೊಳ್ಳುವಷ್ಟು.

ನಮ್ಮ ಭಾಗದ ಲೆಕ್ಕ ನಿಮಗೆ ಗೊತ್ತೇ ಇದೆ. 2011ರ ಜನಗಣತಿಯಲ್ಲಿ ಯಾದಗಿರಿಯ ಸಾಕ್ಷರತೆ ಶೇ. 52ರ ಆಸುಪಾಸು. ರಾಜ್ಯದಲ್ಲೇ ಕಡಿಮೆ. ಹೆಂಗಸರದು ಶೇ. 41 ಅಷ್ಟೇ. ಆಗ ಇಡೀ ಕರ್ನಾಟಕದ್ದು ಶೇ. 75 ಇತ್ತು. ಇದಕ್ಕೆ ಮಂದಿಯ ಸೋಮಾರಿತನ ಕಾರಣ ಅನ್ನುವವರು ಸ್ವಲ್ಪ ಹಿಂದಕ್ಕೆ ಹೋಗಿ ನೋಡಬೇಕು. 1948ರ ಸೆಪ್ಟೆಂಬರ್ ತನಕ ಕಲಬುರಗಿ, ಬೀದರ್, ಯಾದಗಿರಿ ಎಲ್ಲ ನಿಜಾಮರ ಹೈದರಾಬಾದ್ ಸಂಸ್ಥಾನದಲ್ಲಿದ್ದವು. ಕಚೇರಿ ಭಾಷೆ ಉರ್ದು. ಮನೆಯಲ್ಲಿ ಕನ್ನಡ ಆಡುವ ರೈತನಿಗೆ ತನ್ನದೇ ಹೊಲದ ಕಾಗದ ಓದಲು ಬರುತ್ತಿರಲಿಲ್ಲ. ಕನ್ನಡ ಓದಲು ಬಂದವನಿಗೂ ಬರುತ್ತಿರಲಿಲ್ಲ, ಅದು ಮುಖ್ಯ. ಇವತ್ತಿಗೂ ಜಮೀನಿನ ತಕರಾರು ಬಂದರೆ 1954-55ರ ಖಾಸ್ರಾ ಪಹಣಿ, ಅಂದರೆ ಆಗಿನ ಹೊಲದ ದಾಖಲೆ, ತೆಗೆಸಿ ಅಂತಾರೆ, ತೆಗೆಸಿದ ಹಳೆ ಕಾಗದ ಉರ್ದುವಿನಲ್ಲಿದ್ದರೆ ಅದನ್ನು ಓದಿ ಹೇಳುವ ಹಿರಿಯರನ್ನು ಹುಡುಕಿಕೊಂಡು ಬಿ.ಎ., ಎಂ.ಎ. ಆದವರೂ ತಿರುಗುತ್ತಾರೆ. ಸಂವಿಧಾನಕ್ಕೆ 98ನೇ ತಿದ್ದುಪಡಿ ಆಗಿ ನಮ್ಮ ಭಾಗಕ್ಕೆ ವಿಶೇಷ ಮೀಸಲಾತಿ ಕೊಡುವ 371(ಜೆ) ಬಂತು, ಒಳ್ಳೆಯದೇ. ಆದರೆ ಅದರ ಸೀಟು, ನೌಕರಿ ಎಲ್ಲ ಓದಿದ ಮಕ್ಕಳಿಗೆ. ಓದದ ತಾಯಂದಿರಿಗೆ ಅದರಿಂದ ಸಿಗುವುದು ಮಗ ನೌಕರಿಗೆ ಸೇರಿದ ಸುದ್ದಿ ಮಾತ್ರ.

ಈಗ ನಿಮ್ಮ ಅವ್ವನ ವಿಷಯ. ನಮ್ಮ ರಾಜ್ಯದ ಗ್ರಾಮ ಪಂಚಾಯಿತಿಗಳಲ್ಲಿ ಅರ್ಧ ಸೀಟು ಹೆಂಗಸರಿಗೆ ಮೀಸಲು. ಅವರಲ್ಲಿ ಎಷ್ಟೋ ಮಂದಿ ಸಭೆಗೆ ಬಂದು, ಚಹಾ ಕುಡಿದು, ತೋರಿಸಿದ ಕಡೆ ಸಹಿ ಮಾಡಿ ಮನೆಗೆ ಹೋಗುತ್ತಾರೆ. ಕೆಲವರು ಅದಕ್ಕೂ ಬರುವುದಿಲ್ಲ, ಗಂಡನೋ ಮಗನೋ ಪುಸ್ತಕವನ್ನೇ ಮನೆಗೆ ತಂದು ಸಹಿ ಹಾಕಿಸುತ್ತಾನೆ. ಸಭೆಯ ನಿರ್ಣಯ ಬರೆಯುವ ಆ ನಡಾವಳಿ ಪುಸ್ತಕವನ್ನು ನೀವು ಒಮ್ಮೆ ಹತ್ತಿರದಿಂದ ನೋಡಬೇಕು. ಮೇಲೆ ಸಭೆಯ ದಿನಾಂಕ, ಹಾಜರಿದ್ದವರ ಹೆಸರು, ಅದರ ಮುಂದೆ ಸಹಿ. ಆಮೇಲೆ ವಿಷಯ ಒಂದು, ವಿಷಯ ಎರಡು, ಪ್ರತಿಯೊಂದರ ಕೆಳಗೆ "ಸರ್ವಾನುಮತದಿಂದ ಅಂಗೀಕರಿಸಲಾಯಿತು". ಎಷ್ಟೋ ಕಡೆ ಸಭೆಯ ದಿನ ಬರೆದಿರುವುದು ಹಾಜರಿ ಮಾತ್ರ. ಸಹಿ ಮೊದಲು ಬೀಳುತ್ತದೆ, ಠರಾವು ಆಮೇಲೆ ಬರೆಯಲಾಗುತ್ತದೆ. ಯಾವ ಓಣಿಗೆ ಸಿಸಿ ರಸ್ತೆ, ಯಾರಿಗೆ ಮನೆ ಅನ್ನುವುದು ಆ ಖಾಲಿ ಜಾಗದಲ್ಲಿ ತೀರ್ಮಾನ ಆಗುತ್ತದೆ. ನಿಮ್ಮ ಅವ್ವ ಸಭೆಯಲ್ಲಿ ಎಷ್ಟು ಜೋರಾಗಿ ಮಾತಾಡಿದರೂ ಆ ಪುಟದಲ್ಲಿ ಬರದಿದ್ದರೆ ಮಾತಾಡಿಲ್ಲ ಅಂತಲೇ ಲೆಕ್ಕ.

ಇಲ್ಲಿ ಅವರಿಗೆ ಇಡೀ ಪುಟ ಓದುವ ಅಗತ್ಯ ಮೊದಲ ದಿನವೇ ಇಲ್ಲ. ಮೂರು ಸಂಗತಿ ಗೊತ್ತಾದರೆ ಸಾಕು: ದಿನಾಂಕ ಯಾವುದು, ಸಹಿಯ ಜಾಗಕ್ಕೂ ಬರಹಕ್ಕೂ ನಡುವೆ ಖಾಲಿ ಬಿಟ್ಟಿದ್ದಾರಾ, ತಮ್ಮ ವಾರ್ಡಿನ ಹೆಸರು ಎಲ್ಲಾದರೂ ಇದೆಯಾ. ಖಾಲಿ ಇದ್ದರೆ "ಬರೆದು ಮುಗಿಸ್ರಿ, ಆಮ್ಯಾಲ ಸಹಿ ಮಾಡ್ತೀನಿ" ಅನ್ನಬೇಕು. ಇಷ್ಟು ಹೇಳಲು ಪದವಿ ಬೇಡ. ಆದರೆ ಇಷ್ಟು ಹೇಳಿದ ದಿನ ಸಭೆಯ ಗಾಳಿಯೇ ಬೇರೆ ಆಗುತ್ತದೆ. ಪಿಡಿಒ (ಪಂಚಾಯಿತಿ ಅಭಿವೃದ್ಧಿ ಅಧಿಕಾರಿ) ಒಮ್ಮೆ ತಲೆ ಎತ್ತಿ ನೋಡುತ್ತಾರೆ. ಸಭೆಗೆ ಮುಂಚೆ ಬರುವ ಸೂಚನಾ ಪತ್ರವನ್ನು ಹಿಂದಿನ ರಾತ್ರಿ ನೀವು ಅವ್ವನ ಜೊತೆ ಕೂತು ಓದಿ. ನೀವು ಓದಿ ಹೇಳಬೇಡಿ, ಅವರು ಬೆರಳಿಟ್ಟು ಓದಲಿ, ತಡವರಿಸಲಿ, ಪರವಾಗಿಲ್ಲ.

ಸಹಿ ಕಲಿಸಿ ಫೋಟೊ ಹೊಡೆದು ಮುಗಿಸುವ ಕಾರ್ಯಕ್ರಮಗಳ ಬಗ್ಗೆ ನನಗೆ ಭಾರಿ ತಕರಾರಿದೆ. ಜನಗಣತಿಯವರ ಪ್ರಕಾರವೇ ಸಾಕ್ಷರ ಅಂದರೆ ಏಳು ವರ್ಷ ದಾಟಿದ, ಯಾವುದಾದರೂ ಒಂದು ಭಾಷೆಯಲ್ಲಿ ಅರ್ಥ ಮಾಡಿಕೊಂಡು ಓದಿ ಬರೆಯಬಲ್ಲ ಮನುಷ್ಯ. ಸಹಿ ಅದಲ್ಲ. ಸಹಿ ಒಂದು ಚಿತ್ರ, ನೋಡಿ ನೋಡಿ ಬಿಡಿಸುವುದು. ಹೆಬ್ಬೆಟ್ಟು ಒತ್ತುವಾಗ "ನನಗ ಓದಾಕ ಬರಲ್ಲ, ಓದಿ ಹೇಳ್ರಿ" ಅಂತ ಕೇಳಲು ಒಂದು ದಾರಿ ಇತ್ತು, ಸಹಿ ಹಾಕಿದ ಮೇಲೆ ಅದೂ ಹೋಯಿತು. "ಸಹಿ ಮಾಡೀರಲ್ಲ, ಓದೇ ಮಾಡೀರಿ" ಅಂತಾರೆ.

ಅದರ ಮೇಲೆ ಹೊಸ ತಮಾಷೆ ಬೇರೆ. ಕಷ್ಟಪಟ್ಟು ಸಹಿ ಕಲಿತವರ ಹೆಬ್ಬೆಟ್ಟನ್ನೇ ಈಗ ಮೆಷಿನ್ ಕೇಳುತ್ತದೆ. ರೇಷನ್ ಅಂಗಡಿಯಲ್ಲಿ ಒತ್ತಬೇಕು, ಊರಲ್ಲೇ ಬ್ಯಾಂಕಿನ ದುಡ್ಡು ತೆಗೆದುಕೊಡುವ ಬ್ಯಾಂಕ್ ಮಿತ್ರರ ಹತ್ತಿರ ಒತ್ತಬೇಕು. ಗೃಹಲಕ್ಷ್ಮಿಯ 2,000 ತೆಗೆಯಲು ಹೋದಾಗ ಒಮ್ಮೆ ಒತ್ತಿ "ಬರಲಿಲ್ಲ, ಇನ್ನೊಮ್ಮೆ ಒತ್ತು" ಅಂದರೆ, ಮೊದಲ ಸಲ ಬಂತೋ ಇಲ್ಲವೋ ಅಂತ ಗೊತ್ತಾಗುವುದು ಚೀಟಿಯಿಂದ. ನಿಮ್ಮ ಕ್ಲಾಸಿನಲ್ಲಿ ಆ ಚೀಟಿಯೇ ಒಂದು ಪಾಠ ಆಗಲಿ. ತೆಗೆದದ್ದು ಎಷ್ಟು, ಖಾತೆಯಲ್ಲಿ ಉಳಿದದ್ದು ಎಷ್ಟು, ದಿನಾಂಕ ಎಲ್ಲಿದೆ. ಚೀಟಿ ಇಂಗ್ಲಿಷಿನಲ್ಲಿ ಇರುತ್ತದೆ, ಆದರೆ ಅಂಕಿ ಅಂಕಿಯೇ ಅಲ್ವಾ. ನೋಟು, ಬಸ್ ಟಿಕೆಟ್, ಫೋನ್ ನಂಬರ್ ನೋಡಿ ನೋಡಿ ಹೆಂಗಸರಿಗೆ ಅಂಕಿ ಆಗಲೇ ಅರ್ಧ ಬಂದಿರುತ್ತದೆ. ಹಾಗಾಗಿ ಅಕ್ಷರಕ್ಕಿಂತ ಮೊದಲು ಅಂಕಿಯಿಂದ ಶುರು ಮಾಡುವುದೇ ಮೇಲು. ಮೊದಲ ವಾರವೇ ಏನೋ ಕೈಗೆ ಬಂತು ಅನ್ನಿಸುತ್ತದೆ, ಮುಂದಿನ ವಾರ ಕ್ಲಾಸಿಗೆ ಬರುತ್ತಾರೆ.

ಅಂಕಿ ಅಂದ ಮೇಲೆ ಸಾಲದ ಕಾರ್ಡು. ನಿಮ್ಮ ಓಣಿಯಲ್ಲಿ ಸಂಘದ ಸಾಲ, ಫೈನಾನ್ಸ್ ಸಾಲ ಇಲ್ಲದ ಮನೆ ಹುಡುಕುವುದು ಕಷ್ಟ. ಬೋರ್ಡಿನ ಮೇಲೆ ಒಂದು ಲೆಕ್ಕ ಬರೆಯಿರಿ. 20,000 ಸಾಲ. ವಾರಕ್ಕೆ 480ರಂತೆ 52 ವಾರ. ಗುಣಿಸಿದರೆ 24,960. ಅಂದರೆ ಬಡ್ಡಿ 4,960. "ನೂರಕ್ಕೆ ಇಪ್ಪತ್ತೈದು" ಅಂತ ವಸೂಲಿಗೆ ಬಂದವನು ಹೇಳುತ್ತಾನೆ, ಎಲ್ಲರೂ ಹೂಂ ಅಂತಾರೆ. ಆದರೆ ಇಪ್ಪತ್ತು ಸಾವಿರವೂ ವರ್ಷಪೂರ್ತಿ ನಿಮ್ಮ ಕೈಯಲ್ಲಿ ಇರಲಿಲ್ಲವಲ್ಲ? ಎರಡನೇ ವಾರದಿಂದಲೇ ಅಸಲು ತೀರಿಸುತ್ತಾ ಬಂದಿದ್ದೀರಿ, ಆರು ತಿಂಗಳ ಹೊತ್ತಿಗೆ ಅರ್ಧದಷ್ಟು ವಾಪಸ್ ಹೋಗಿರುತ್ತದೆ. ಹಾಗೆ ನೋಡಿದರೆ ನಿಜವಾದ ಬಡ್ಡಿ ಅವನು ಹೇಳಿದ್ದಕ್ಕಿಂತ ಹತ್ತಿರಹತ್ತಿರ ದುಪ್ಪಟ್ಟು. ಫಾರಂ ಚಾರ್ಜು, ವಿಮೆ ಅಂತ ಮೊದಲೇ ಹಿಡಿದುಕೊಂಡಿದ್ದರೆ ಇನ್ನೂ ಜಾಸ್ತಿ. ಈ ಲೆಕ್ಕ ಒಬ್ಬರಿಗೆ ತಿಳಿದರೆ ಸಾಕು, ಮರುದಿನ ನಲ್ಲಿ ಹತ್ತಿರ ಎಲ್ಲರಿಗೂ ತಿಳಿದಿರುತ್ತದೆ. ಮನೆ ಬಾಗಿಲಿಗೆ ಬಂದು ಬೈಯುವ ವಸೂಲಿಯ ವಿರುದ್ಧ ರಾಜ್ಯ ಸರ್ಕಾರ 2025ರ ಫೆಬ್ರವರಿಯಲ್ಲಿ ಸುಗ್ರೀವಾಜ್ಞೆ ತಂದಿತು ಅನ್ನುವುದನ್ನೂ ಅದೇ ದಿನ ಹೇಳಿ. ಸಾಲ ಕಟ್ಟಬೇಡಿ ಅಂತ ಹೇಳುವುದಲ್ಲ, ಹೆದರಿ ಒಂದರ ಮೇಲೆ ಇನ್ನೊಂದು ಸಾಲ ಮಾಡಬೇಡಿ ಅಂತ.

ಅಂಕಿ ಆದ ಮೇಲೆ ಅಕ್ಷರ ಕಲಿಸುವ ಕ್ರಮಕ್ಕೆ ಬರೋಣ. ದಯವಿಟ್ಟು ಅ ಆ ಇ ಈ ಇಂದ ಶುರು ಮಾಡಬೇಡಿ. ನಲವತ್ತೈದು ವರ್ಷದ ಹೆಂಗಸನ್ನು ಒಂದನೇ ಇಯತ್ತೆ ಹುಡುಗಿಯಂತೆ ಕೂರಿಸಿ "ಅರಸ, ಆನೆ" ಅಂತ ಓದಿಸಿದರೆ ಅವರಿಗೂ ನಾಚಿಕೆ, ಬಾಗಿಲಲ್ಲಿ ನಿಂತು ನೋಡುವ ಮೊಮ್ಮಕ್ಕಳಿಗೂ ನಗು. ಅವರವರ ಹೆಸರಿನಿಂದ ಶುರು ಮಾಡಿ. ಒಬ್ಬರು ಮಲ್ಲಮ್ಮ ಅಂತಿಟ್ಟುಕೊಳ್ಳಿ, ಒಂದು ಹೆಸರಿನಲ್ಲೇ ಎರಡು ಒತ್ತಕ್ಷರ ಬಂದುಬಿಟ್ಟಿತು. ಶಾಲೆ ಪುಸ್ತಕದಲ್ಲಿ ಒತ್ತಕ್ಷರ ಕೊನೆಗೆ ಬರುತ್ತದೆ, ಬದುಕಿನಲ್ಲಿ ಮೊದಲೇ ಬರುತ್ತದೆ. ಅರ್ಜಿ, ಹಕ್ಕು, ಪಟ್ಟಿ, ಖಾತ್ರಿ, ಬ್ಯಾಂಕ್, ಕಾರ್ಡ್, ಎಲ್ಲದರಲ್ಲೂ ಒತ್ತು. ಬ್ರೆಜಿಲಿನಲ್ಲಿ ಪಾವ್ಲೊ ಫ್ರೈರೆ ಎಂಬ ಶಿಕ್ಷಕರು 1960ರ ದಶಕದಲ್ಲಿ ಕೂಲಿಗಳಿಗೆ ಹೀಗೇ ಕಲಿಸಿದರು. ಆ ಕೂಲಿಗಳು ದಿನಾ ಆಡುವ, ಅವರಿಗೆ ದಿನಾ ನೋವು ಕೊಡುವ ಮಾತುಗಳನ್ನೇ ತೆಗೆದುಕೊಂಡು, ಮೊದಲು ಅದರ ಬಗ್ಗೆ ಮಾತಾಡಿಸಿ, ಆಮೇಲೆ ಬಿಡಿಸಿ ಓದಿಸಿದರು. ಆಗ ಆ ದೇಶದಲ್ಲಿ ಓದು ಬಾರದವರಿಗೆ ವೋಟೇ ಇರಲಿಲ್ಲ, 1985ರ ತನಕ ಇರಲಿಲ್ಲ. ನಮ್ಮಲ್ಲಿ ಸಾಕ್ಷರತೆ ಶೇ. 18 ಇದ್ದ ಕಾಲದಲ್ಲೇ, 1951-52ರ ಮೊದಲ ಚುನಾವಣೆಯಲ್ಲೇ, ಎಲ್ಲರಿಗೂ ವೋಟು ಕೊಟ್ಟರು, ಗುರುತು ನೋಡಿ ಹಾಕಿ ಅಂದರು. ದೊಡ್ಡ ಕೆಲಸವೇ. ಆದರೆ ಐದು ವರ್ಷಕ್ಕೊಮ್ಮೆ ಗುರುತು ನೋಡಿ ಒತ್ತುವವರನ್ನು ಉಳಿದ ದಿನ ಕೇಳುವವರು ಬೇಕಲ್ಲ.

ಹೆಸರಿನಿಂದ ಶುರು ಮಾಡಲು ಇನ್ನೊಂದು ಕಾರಣ ಇದೆ. ಆಧಾರ್, ರೇಷನ್ ಕಾರ್ಡು, ಬ್ಯಾಂಕ್ ಪುಸ್ತಕ, ಪಹಣಿ ನಾಲ್ಕನ್ನೂ ಪಕ್ಕಪಕ್ಕ ಇಟ್ಟು ನೋಡಿಸಿ. ಒಂದರಲ್ಲಿ ಶರಣಮ್ಮ, ಇನ್ನೊಂದರಲ್ಲಿ ಶರಣವ್ವ, ಮತ್ತೊಂದರಲ್ಲಿ ಗಂಡನ ಹೆಸರೇ ತಪ್ಪು. ಎಷ್ಟೋ ಪಿಂಚಣಿ, ಎಷ್ಟೋ ಪರಿಹಾರ ನಿಂತಿರುವುದು ಇಷ್ಟಕ್ಕೇ. 2023ರ ಜನವರಿಯಲ್ಲಿ ಮಳಖೇಡದಲ್ಲಿ ದೊಡ್ಡ ಸಮಾರಂಭ ಮಾಡಿ ಲಂಬಾಣಿ ತಾಂಡಾದ ಮಂದಿಗೆ ಜಾಗದ ಹಕ್ಕುಪತ್ರ ಕೊಟ್ಟರು. ಹಕ್ಕುಪತ್ರ ಬಂದ ಮನೆಯವರು ಅದನ್ನು ಪ್ಲಾಸ್ಟಿಕ್ ಚೀಲದಲ್ಲಿ ಸುತ್ತಿ ಟ್ರಂಕಿನಲ್ಲಿ ಇಟ್ಟರೆ ಸಾಲದು, ಹೆಸರು, ಅಳತೆ, ನಾಲ್ಕೂ ದಿಕ್ಕಿನ ಚೆಕ್ಕುಬಂದಿ ಸರಿ ಇದೆಯಾ ನೋಡಬೇಕು. ಪಹಣಿಯಲ್ಲೂ ಹಾಗೇ. 9ನೇ ಕಾಲಂನಲ್ಲಿ ಯಾರ ಹೆಸರು, 11ರಲ್ಲಿ ಸಾಲ ಏನಾದರೂ ಏರಿಸಿದ್ದಾರಾ, 12ರಲ್ಲಿ ಉಳುಮೆ ಯಾರದು ಅಂತ ಬರೆದಿದೆ. ಈ ಮೂರು ಕಾಲಂ ನೋಡಲು ಬಂದ ವಿಧವೆಯ ಹೊಲವನ್ನು ಮೈದುನ ಸದ್ದಿಲ್ಲದೆ ಬರೆಸಿಕೊಳ್ಳುವುದು ಅಷ್ಟು ಸುಲಭ ಅಲ್ಲ.

ನಿಮ್ಮ ಓಣಿಯ ಪಕ್ಕ ಲಂಬಾಣಿ ತಾಂಡಾ ಇದ್ದರೆ ಒಂದು ಮಾತು. ಅವರ ಮನೆಮಾತು ಬೇರೆ, ಅದಕ್ಕೆ ಸ್ವಂತ ಲಿಪಿ ಇಲ್ಲ. ಅವರ ಹಾಡನ್ನೇ, ಅವರ ಮಾತಲ್ಲೇ, ಕನ್ನಡ ಅಕ್ಷರದಲ್ಲಿ ಬರೆದು ಓದಿಸಿ. ಅಕ್ಷರ ಹಿಡಿದ ಮೇಲೆ ಕನ್ನಡದ ಕಾಗದಕ್ಕೆ ಹೋಗಿ. ಎರಡನ್ನೂ ಒಟ್ಟಿಗೆ ತಲೆಗೆ ಹಾಕಬೇಡಿ.

ಮತ್ತೆ, ಕನ್ನಡಕ! ಇದನ್ನು ಯಾವ ತರಬೇತಿಯಲ್ಲೂ ಒತ್ತಿ ಹೇಳುವುದಿಲ್ಲ. ನಲವತ್ತು ದಾಟಿದವರಿಗೆ ಹತ್ತಿರದ ಅಕ್ಷರ ಮಸುಕು. ಸೂಜಿಗೆ ದಾರ ಹಾಕಲು ಮಗಳನ್ನು ಕರೆಯುವ ಹೆಂಗಸು ಪುಸ್ತಕದ ಅಕ್ಷರ ಹೇಗೆ ನೋಡಿಯಾಳು? "ನನ್ನ ತಲಿಗಿ ಹತ್ತಲ್ಲ ಬಿಡವ್ವ" ಅಂತ ಎರಡನೇ ವಾರ ಬಿಟ್ಟುಹೋಗುವವರಲ್ಲಿ ಎಷ್ಟೋ ಮಂದಿಗೆ ತಲೆಯದ್ದಲ್ಲ ತೊಂದರೆ, ಕಣ್ಣಿನದು. ಕ್ಲಾಸು ಶುರು ಮಾಡುವ ಮುಂಚೆ ಸರ್ಕಾರಿ ದವಾಖಾನೆಯಲ್ಲಿ ಎಲ್ಲರ ಕಣ್ಣು ತೋರಿಸಿ. ಗೋಡೆ ಮೇಲೆ ದಪ್ಪಕ್ಕೆ ಬರೆಯಿರಿ. ಬೆಳಕು ಚೆನ್ನಾಗಿರಲಿ.

ಸಮಯವನ್ನು ನೀವು ಗೊತ್ತು ಮಾಡಬೇಡಿ, ಅವರು ಮಾಡಲಿ. ಹತ್ತಿ ಬಿಡಿಸುವಾಗ, ತೊಗರಿ ರಾಶಿ ನಡೆಯುವಾಗ ಯಾರೂ ಬರಲಾರರು. ಬೇಸಿಗೆಯಲ್ಲಿ ಅರ್ಧ ಓಣಿ ಗುಳೆ ಹೋಗಿರುತ್ತದೆ, ಬೆಂಗಳೂರಿಗೋ ಹೈದರಾಬಾದಿಗೋ. ಹೋಗುವವರ ಕೈಗೆ ಒಂದು ನೋಟ್‌ಬುಕ್ ಕೊಟ್ಟು, ದಿನಾ ಮಾಡಿದ ಕೆಲಸ, ಮೇಸ್ತ್ರಿ ಕೊಟ್ಟ ದುಡ್ಡು ಬರೆದಿಟ್ಟುಕೊಂಡು ಬನ್ನಿ ಅನ್ನಿ. ಅದಕ್ಕಿಂತ ಒಳ್ಳೆ ಹೋಂವರ್ಕ್ ನನಗೆ ಗೊತ್ತಿಲ್ಲ. ಲೆಕ್ಕ ಬರೆದಿಟ್ಟುಕೊಂಡ ಕೂಲಿಯ ಹತ್ತಿರ ಮೇಸ್ತ್ರಿಯ ಮಾತಿನ ಧಾಟಿ ಸ್ವಲ್ಪ ಬೇರೆಯೇ ಇರುತ್ತದೆ.

ಒಬ್ಬೊಬ್ಬರಿಗೇ ಕಲಿಸುವುದಕ್ಕಿಂತ ಗುಂಪು ಮುಖ್ಯ. 1980ರ ದಶಕದ ಕೊನೆಯಲ್ಲಿ ಕರ್ನಾಟಕದಲ್ಲಿ ಹಳ್ಳಿ ಹೆಂಗಸರ ಸಂಘ ಕಟ್ಟುವ ಸರ್ಕಾರದ ಮಹಿಳಾ ಸಮಾಖ್ಯಾ ಕಾರ್ಯಕ್ರಮ ಶುರುವಾದಾಗ ಬೀದರ್ ಮೊದಲ ಜಿಲ್ಲೆಗಳಲ್ಲಿ ಒಂದು. ಅವರು ಹೋಗಿ ಮೊದಲು ಸ್ಲೇಟು ಹಂಚಲಿಲ್ಲ. ಹೆಂಗಸರನ್ನು ಸಂಘವಾಗಿ ಕೂರಿಸಿ, ನಿಮಗೆ ಏನು ಬೇಕು ಅಂತ ಕೇಳಿದರು. ಅಕ್ಷರ ಬೇಕು ಅಂತ ಸಂಘದಿಂದಲೇ ಮಾತು ಬಂದ ಮೇಲೆ ಕಲಿಸಿದ್ದು. ಆಂಧ್ರದ ನೆಲ್ಲೂರು ಜಿಲ್ಲೆಯಲ್ಲಿ 1990ರ ದಶಕದ ಶುರುವಿನಲ್ಲಿ ಸಾಕ್ಷರತಾ ಆಂದೋಲನ ನಡೆಯುತ್ತಿದ್ದಾಗ, ಸಾರಾಯಿಯಿಂದ ಹಾಳಾದ ಮನೆಗಳ ಬಗ್ಗೆ ಇದ್ದ ಪಾಠ ಓದಿ, ದೂಬಗುಂಟ ಅನ್ನುವ ಊರಿನ ಹೆಂಗಸರು ಸಾರಾಯಿ ಅಂಗಡಿ ಬಂದ್ ಮಾಡಿಸಿದರು. ಅದು ಊರಿಂದ ಊರಿಗೆ ಹಬ್ಬಿ, 1993ರಲ್ಲಿ ಆಂಧ್ರದಲ್ಲಿ ಸಾರಾಯಿಯೇ ನಿಷೇಧ ಆಯಿತು. ಅಲ್ಲಿ ಎಷ್ಟು ಮಂದಿ ಸರಾಗವಾಗಿ ಓದಲು ಕಲಿತರೋ ಏನೋ, ದಿನಾ ಸಂಜೆ ಗಂಡಸರಿಲ್ಲದ ಒಂದು ಜಾಗದಲ್ಲಿ ಕೂತು ಒಬ್ಬರ ಕಷ್ಟ ಇನ್ನೊಬ್ಬರು ಕೇಳಿದ್ದಂತೂ ಹೌದು. ನಿಮ್ಮ ಕ್ಲಾಸಿನಲ್ಲಿ ಹರಟೆ ಜಾಸ್ತಿ ಆಯಿತು ಅಂತ ಬೇಜಾರು ಮಾಡಿಕೊಳ್ಳಬೇಡಿ. ಸುಮ್ನೆ ಕೂತು ಕೇಳಿ, ನಾಳೆಯ ಪಾಠ ಅದರಲ್ಲೇ ಇರುತ್ತದೆ.

ಎದುರು ಮಾತೂ ಬರುತ್ತದೆ. ಹೆಂಡತಿ ರಸೀದಿ ಓದಲು ಶುರು ಮಾಡಿದ ಮನೆಯಲ್ಲಿ ಮೊದಲು ಗೊಣಗುವುದು ಗಂಡ, ಆಮೇಲೆ ಅಂಗಡಿಯವನು, ಆಮೇಲೆ ಪಂಚಾಯಿತಿಯವರು. ಗೊಣಗಲಿ.

ಇನ್ನು "ಮೊಬೈಲ್ ಅದಲ್ಲ" ಅನ್ನುವವರಿಗೆ. ಮೊಬೈಲ್ ಒಳ್ಳೆಯದೇ. ವಾಯ್ಸ್ ಮೆಸೇಜ್ ಕಳಿಸಬಹುದು, ಕಾಗದದ ಫೋಟೊ ತೆಗೆದರೆ ಕನ್ನಡ ಓದಿ ಹೇಳುವ ಆ್ಯಪ್‌ಗಳೂ ಇವೆ, ಬಳಸಿ. ಆದರೆ ಆ ಫೋನ್ ಮನೆಯಲ್ಲಿ ಯಾರ ಜೇಬಿನಲ್ಲಿ ಇರುತ್ತದೆ? ಒಟಿಪಿ ಯಾರಿಗೆ ಬರುತ್ತದೆ? ಅಕ್ಷರ ಬಾರದವರ ಫೋನು ಮಗನ ಕೈಯಲ್ಲೇ ಇರುವುದು ಜಾಸ್ತಿ.

ಒಂದು ಎಚ್ಚರಿಕೆ. ಓದು ಕಲಿಯುವ ತನಕ ಸುಮ್ಮನಿರಿ ಅಂತ ಯಾರಿಗೂ ಹೇಳಬೇಡಿ. 2015ರಲ್ಲಿ ಹರಿಯಾಣದಲ್ಲಿ ಪಂಚಾಯಿತಿ ಚುನಾವಣೆಗೆ ನಿಲ್ಲಲು ಇಷ್ಟು ಓದಿರಲೇಬೇಕು ಅಂತ ಕಾನೂನು ಮಾಡಿದರು, ಸುಪ್ರೀಂ ಕೋರ್ಟೂ ಒಪ್ಪಿತು. ಶಾಲೆಯನ್ನೇ ಕೊಡದೆ, ಓದಿಲ್ಲ ಅಂತ ಕುರ್ಚಿಯನ್ನೂ ಕಿತ್ತುಕೊಂಡ ಹಾಗಾಯಿತು. ರಾಜಸ್ಥಾನ ಅಂಥದ್ದೇ ಕಾನೂನು ಮಾಡಿ 2019ರಲ್ಲಿ ತೆಗೆದುಹಾಕಿತು. ನಮ್ಮಲ್ಲಿ ಅದಿಲ್ಲ. ಓದು ಬಾರದವರಿಗೆ ಈಗಲೂ ಹಕ್ಕಿದೆ. 2005ರ ಮಾಹಿತಿ ಹಕ್ಕು ಕಾಯ್ದೆಯ 6ನೇ ಸೆಕ್ಷನ್ ನೋಡಿ: ಬರೆಯಲು ಬಾರದವರು ಬಾಯಲ್ಲಿ ಹೇಳಿದರೆ, ಅದನ್ನು ಬರೆಯಲು ಮಾಹಿತಿ ಅಧಿಕಾರಿಯೇ ಸಹಾಯ ಮಾಡಬೇಕು. ಬಿಪಿಎಲ್‌ನವರಿಗೆ ಅರ್ಜಿ ಶುಲ್ಕ ಇಲ್ಲ, ಉಳಿದವರಿಗೆ 10 ರೂಪಾಯಿ. 30 ದಿನದೊಳಗೆ ಉತ್ತರ ಕೊಡಬೇಕು. ನಮ್ಮ ರಾಜ್ಯದಲ್ಲಿ ಒಂದು ಅರ್ಜಿಗೆ ಒಂದೇ ವಿಷಯ, 150 ಪದದೊಳಗೆ. ಹೊಸದಾಗಿ ಬರೆಯಲು ಕಲಿತವರಿಗೆ ಇದು ಅಡ್ಡಿ ಅಲ್ಲ, ಒಳ್ಳೆ ಅಭ್ಯಾಸ! ಜಾತಿ ಪತ್ರ, ಆದಾಯ ಪತ್ರಕ್ಕೆ ನಾಡ ಕಚೇರಿಗೆ ಹೋದರೆ ಸಕಾಲದ (ಗೊತ್ತಾದ ದಿನದೊಳಗೆ ಸರ್ಕಾರಿ ಸೇವೆ ಕೊಡಬೇಕೆನ್ನುವ ರಾಜ್ಯದ ಕಾಯ್ದೆ) ರಸೀದಿ ಕೇಳಲೇಬೇಕು. ಅದರಲ್ಲಿ ನಂಬರ್ ಇರುತ್ತದೆ, ಯಾವ ದಿನದೊಳಗೆ ಕೊಡಬೇಕು ಅಂತ ಇರುತ್ತದೆ. ತಡ ಆದರೆ ದಿನಕ್ಕೆ 20 ರೂಪಾಯಿಯಂತೆ, 500ರ ತನಕ ಪರಿಹಾರ ಕೇಳಬಹುದು. ದುಡ್ಡು ಸಣ್ಣದು, ಕೇಳಿದಾಗ ಆಗುವ ಕೆಲಸ ದೊಡ್ಡದು.

ಜಾಗ ಬೇಕಾದರೆ ಪಂಚಾಯಿತಿಯ ಅರಿವು ಕೇಂದ್ರದಲ್ಲಿ, ಅಂದರೆ ಗ್ರಂಥಾಲಯದಲ್ಲಿ, ಕೇಳಿ, ಸಂಜೆ ಬೀಗ ತೆಗೆಸುವ ಜವಾಬ್ದಾರಿ ಸದಸ್ಯೆಯಾದ ನಿಮ್ಮ ಅವ್ವನಿಗೇ ಬಿಡಿ. ದೊಡ್ಡವರಿಗೆ ಓದು-ಬರಹ ಕಲಿಸುವ ಕೇಂದ್ರ ಸರ್ಕಾರದ ಉಲ್ಲಾಸ್ ಕಾರ್ಯಕ್ರಮ 2022ರಿಂದ 2027ರ ತನಕ ಅಂತ ಇದೆ, 15 ವರ್ಷ ದಾಟಿದ ಯಾರನ್ನಾದರೂ ಸೇರಿಸಬಹುದು, ನೀವು ಸ್ವಯಂಸೇವಕಿ ಅಂತ ಹೆಸರು ಬರೆಸಬಹುದು. ಸಂಬಳ ಇಲ್ಲ, ಮೊದಲೇ ಹೇಳಿಬಿಡುತ್ತೇನೆ. ಕೊನೆಗೆ 150 ಅಂಕದ ಪರೀಕ್ಷೆ ಇರುತ್ತದೆ, ಓದು, ಬರಹ, ಲೆಕ್ಕ ಒಂದೊಂದಕ್ಕೆ 50. ಪ್ರಮಾಣಪತ್ರದ ಆಸೆ ಇರುವವರು ಬರೆಯಲಿ, ಬೇಡ ಅನ್ನುವವರನ್ನು ಎಳೆಯಬೇಡಿ. ಐದಾರು ಮಂದಿ ಸೇರಿದರೂ ಶುರು ಮಾಡಿ. ಹೆಸರು ಬರೆದುಕೊಳ್ಳುವ ದಿನವೇ ಎಲ್ಲರಿಗೂ ಹೇಳಿ, ಮೊದಲ ಕ್ಲಾಸಿಗೆ ಬರುವಾಗ ಮನೆಯಲ್ಲಿ ಯಾವ ಕಾಗದ ಅರ್ಥ ಆಗದೆ ಬಿದ್ದಿದೆಯೋ ಅದನ್ನೇ ತರಲಿ ಅಂತ.